ಟೀ ಕುಡಿಯದ ಹಿರಿಯರು

ಈಪೋ, ಮಂಗಳವಾರ

ಅಮ್ಮಾ, ನಮ್ಮ ಗುಡ್ಡದ ವಯಸ್ಸು ಕೊನೆಗೂ ಸಿಕ್ಕಿತು, ನಾವು ಮನೆಗೆ ಬರುತ್ತಿದ್ದೇವೆ. ಮದುವೆಯಾದ ಮೂರನೇ ದಿನ ವಾಡಿಕೆಯಂತೆ ಮಗಳು ಅಳಿಯ ತವರುಮನೆಗೆ ಬರಲಿಲ್ಲವೆಂದು ನೀನು ಅತ್ತಿದ್ದು, ಚಿಕ್ಕಮ್ಮಂದಿರು ಆಡಿಕೊಂಡಿದ್ದು ಎಲ್ಲ ನನಗೆ ಗೊತ್ತು. ಆದರೆ ತವರದ ಗಣಿಯಿರುವ ಈ ಗುಡ್ಡದ ಗ್ರಾನೈಟ್ ಎಷ್ಟು ಹಳೆಯದೆಂದು ತಿಳಿಯದೆ ನಿನ್ನ ಭೂವಿಜ್ಞಾನಿ ಅಳಿಯ ವೆಂಗ್ ಹಾಂಗ್ ಅಲುಗುವಂತಿರಲಿಲ್ಲ.

ತಡವಾಗಿದ್ದಕ್ಕೆ ನಿನ್ನ ಉಡುಗೊರೆಯೇ ಕಾರಣ. ಕಲ್ಲನ್ನು ಪುಡಿಮಾಡಿ, ಕಲ್ಲಿನ ವಯಸ್ಸು ಹೇಳುವ ಒಳಗಿನ ಜಿರ್ಕಾನ್ ಹರಳುಗಳನ್ನು ಪ್ರಯೋಗಾಲಯಕ್ಕೆ ಕಳಿಸಬೇಕಿತ್ತು. ನೆರವಾಗೋಣವೆಂದು, ನೀನು ಮದುವೆಗೆ ಕೊಟ್ಟ ಕುಟ್ಟಾಣಿಯಲ್ಲೇ ನಾನು ಕುಟ್ಟಿದೆ. ಅತ್ತೆ, ತವರದ ಅದಿರು ಜಾಲಿಸುವ ತಮ್ಮ ಮರದ ತಟ್ಟೆಯಲ್ಲಿ ಪುಡಿಯನ್ನು ಜಾಲಿಸಿ, ತಳದಲ್ಲುಳಿದ ಹರಳು ಆರಿಸಿಕೊಟ್ಟರು. ಉತ್ತರ ಬಂದಾಗ ಒಂದೇ ಕಲ್ಲಿಗೆ ಎರಡು ವಯಸ್ಸು: ಇಪ್ಪತ್ತೊಂದು ಕೋಟಿ ವರ್ಷ, ಇಪ್ಪತ್ತಾರು ಕೋಟಿ ವರ್ಷ. ನಿನ್ನ ಅಳಿಯನಿಗೆ ಊಟ ಸೇರಲಿಲ್ಲ. ನೋಡಿದರೆ ಕುಟ್ಟಾಣಿಯೂ ಗ್ರಾನೈಟ್, ಕುಟ್ಟುವಾಗ ಅದರ ಹರಳೂ ಉದುರಿ ಬೆರೆತಿತ್ತು. ಕಬ್ಬಿಣದ್ದರಲ್ಲಿ ಮತ್ತೆ ಕುಟ್ಟಿ ಕಳಿಸಿದೆವು, ಬರೀ ಇಪ್ಪತ್ತೊಂದು ಬಂತು.

"ನಿಮ್ಮಮ್ಮನ ಕಲ್ಲು ನಮ್ ಗುಡ್ಡಕ್ಕಿಂತ ಐದು ಕೋಟಿ ವರ್ಷ ದೊಡ್ಡದಂತೆ ಕಣೇ, ಅದಕ್ಕೇ ನಿಂಗಿಷ್ಟು ಜಂಬ," ಎಂದು ಅತ್ತೆ ರೇಗಿಸುತ್ತಾರೆ. "ಹಾಗಾದ್ರೆ ಹಿರಿಯರಿಗೆ ಕೊಡೋ ಮದುವೆ ಟೀ ಮೊದಲು ಇವರಿಗೇ ಕೊಡ್ಬೇಕಿತ್ತಲ್ಲಮ್ಮ, ತಪ್ಪಾಯ್ತು," ಎಂದು ನಿನ್ನ ಅಳಿಯ ಕುಟ್ಟಾಣಿಯ ಮುಂದೆ ಬಟ್ಟಲಿಟ್ಟು ಬಗ್ಗಿ ನಮಸ್ಕರಿಸಿದ. ಅದು ಕುಡಿಯಲಿಲ್ಲ, ನಾನೇ ಕುಡಿದೆ.

ಕುಟ್ಟಿ ಊದಿದ್ದ ಕೈ ಈಗ ಇಳಿದಿದೆ. ತವರಿಗೆ ತರಬೇಕಾದ ಹುರಿದ ಹಂದಿಮರಿಗೆ ಹೇಳಿಯಾಗಿದೆ, ಚಿಕ್ಕಮ್ಮಂದಿರನ್ನೆಲ್ಲ ಕರೆದು ಕೂರಿಸು. ನಿನ್ನ ಅಳಿಯ ನಿನಗೂ ಟೀ ಕೊಡುತ್ತಾನಂತೆ, ಆದರೆ ಎರಡನೆಯ ಬಟ್ಟಲು.

ನಿನ್ನ ಪೋ ಯೀ. ಶನಿವಾರ, ಮಧ್ಯಾಹ್ನದ ಬಟರ್‌ವರ್ತ್ ರೈಲಿಗೆ ಬರುತ್ತೇವೆ.