ವಕೀಲರು ಹೊರಗೆ ನಿಲ್ಲಬೇಕು

ರಾಯಚೂರು
೧೪ ಆಗಸ್ಟ್ ೧೯೮೧

ನನ್ನ ಜೊತೆ ಒಂದೇ ತಾಯಿಯ ಹಾಲು ಕುಡಿದ ಮಾರೆಪ್ಪನಿಗೆ ವಹೀದನ ಸಲಾಂ.

ನಿನ್ನ ಮೂರು ಕಾರ್ಡುಗಳು ನನ್ನ ಮೇಜಿನ ಮೇಲೇ ಬಿದ್ದಿವೆ. ಕೈ ನೋವು, ಕೋರ್ಟಿನ ಕೆಲಸ ಎಂದೆಲ್ಲ ಸಬೂಬು ಹೇಳಬಹುದಿತ್ತು. ವಕೀಲಿಯಲ್ಲಿ ಇಪ್ಪತ್ತಾರು ವರ್ಷ ಸಬೂಬು ಹೇಳಿಯೇ ಹೊಟ್ಟೆ ಹೊರೆದವನಲ್ಲವೇ ನಾನು! ಬೇಡ. ಬರೆಯಲು ಧೈರ್ಯವಾಗಲಿಲ್ಲ, ಅಷ್ಟೇ. ವಿಚಾರಣೆಗೆ ಬರಲು ಗುಂತಕಲ್ಲಿನ ರೈಲ್ವೆಯವರು ರಜೆ ಕೊಡಲಿಲ್ಲವೆಂದು, "ನೀ ಇದ್ದೀಯಲ್ಲ, ನನಗೇನ್ ಚಿಂತಿ" ಎಂದು ಬರೆದಿದ್ದೆ ನೀನು. ಕೇಳು, ಹೊಲ ಹೋಯಿತು. ಕುರ್ಡಿಯ ಆ ನಾಲ್ಕು ಎಕರೆ, ನಿಮ್ಮಪ್ಪ ಜೀವಮಾನವೆಲ್ಲ ಉತ್ತು ಅಲ್ಲೇ ಮಣ್ಣಾದ ಹೊಲ, ಗೌಡರಿಗೇ ಉಳಿಯಿತು. ಮೇ ತಿಂಗಳಲ್ಲೇ ಭೂನ್ಯಾಯ ಮಂಡಳಿಯ ತೀರ್ಪು ಬಂತು.

ಎಪ್ಪತ್ತೆರಡರಲ್ಲಿ ನಾನು ಶಾಸಕನಾದಾಗ ಮಾನ್ವಿಯ ಸಂತೆಯಲ್ಲಿ ನೀನು ನನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ಕುಣಿದಿದ್ದೆ. ನನ್ನ ಅಪ್ಪ ಖಾಜಾಮಿಯಾ, "ಬಳಿ ಮಾರಾವನ ಮಗ ಕಾನೂನು ಮಾಡಾಕ ಹೊಂಟಾನ" ಎಂದು ಅತ್ತೇಬಿಟ್ಟಿದ್ದರು. ಮುಂದೆ ಉಳುವವನಿಗೇ ಹೊಲ ಎಂಬ ಕಾಯ್ದೆ ಬಂತು. ಮಂಡಳಿಯೊಳಗೆ ವಕೀಲರು ಕಾಲಿಡಕೂಡದು ಎಂಬ ಕಲಮಿಗೆ ವಕೀಲ ಸದಸ್ಯರೇ ಗಲಾಟೆ ಎಬ್ಬಿಸಿದರು. ನಾನು ಎದ್ದು, "ದೊಡ್ಡ ವಕೀಲರನ್ನು ಹಿಡಿಯುವ ತಾಕತ್ತು ಧಣಿಗಳಿಗೆ ಮಾತ್ರ ಇರುತ್ತದೆ. ನಮ್ಮಂಥ ಬಾಯಿಬಡುಕರನ್ನು ಹೊರಗೇ ಇಡಿ" ಎಂದು ಮುಕ್ಕಾಲು ಗಂಟೆ ಮಾತಾಡಿ ಆ ಕಲಮಿನ ಪರ ಕೈ ಎತ್ತಿದೆ. ಮೇಜು ಕುಟ್ಟಿದ್ದೇ ಕುಟ್ಟಿದ್ದು! ಎಪ್ಪತ್ತೆಂಟರಲ್ಲಿ ಸೋತು ಮತ್ತೆ ಕರಿಕೋಟು ಹಾಕಿಕೊಂಡ ಮೇಲೂ, ಅದೊಂದು ಕೆಲಸ ಸರಿಯಾಗಿ ಮಾಡಿದೆ ಎಂದು ಬೀಗುತ್ತಲೇ ಇದ್ದೆ.

ವಿಚಾರಣೆಯ ದಿನ ನಿಮ್ಮವ್ವನನ್ನು ಮಾನ್ವಿಗೆ ನಾನೇ ಕರೆದುಕೊಂಡು ಹೋದೆ. ಬಸ್ಸಿನಲ್ಲಿ ಪಾಠ ಹೇಳಿಕೊಟ್ಟೆ. "ಯವ್ವಾ, ಹೊಲ ಗೇಣಿಗೆ ಮಾಡೀವಿ, ವರ್ಷಾ ಅರ್ಧ ಜ್ವಾಳ ಗೌಡ್ರ ಮನಿಗೆ ಅಳದೀವಿ ಅಂತ ಹೇಳಬೇಕು, ತಿಳೀತೇನು?"

"ಹೇಳ್ತೀನಿ ಬಿಡಲೇ, ನನಗೇನ್ ಬಾಯಿಲ್ಲೇನು?" ಎಂದು ನನ್ನನ್ನೇ ಗದರಿದಳು. ನೀರಮಾನ್ವಿ ಬಂದಾಗ ಕಿಟಕಿಯಿಂದಲೇ ಎಲ್ಲಮ್ಮನಿಗೆ ಕೈ ಮುಗಿದಳು.

ಕಚೇರಿಯಲ್ಲಿ ಗೌಡರು ಅವಳೆದುರಿಗೇ ಕೂತಿದ್ದರು. ನಾನು ಬಾಗಿಲ ಹೊರಗೆ. ಮಂಡಳಿಯ ಅಧ್ಯಕ್ಷರು ಒಳ್ಳೆಯವರು, ಮೆತ್ತಗೆ ಕೇಳಿದರು: "ಈ ಹೊಲ ಯಾರದವ್ವಾ?"

ಯವ್ವ ಗೌಡರ ಮುಖ ನೋಡಿದಳು, ಸೆರಗು ತಲೆಯ ಮೇಲೆ ಎಳೆದುಕೊಂಡಳು. "ಗೌಡ್ರದು ಯಪ್ಪಾ. ಅವರ ಅನ್ನ ಉಂಡು ಬದುಕೀವಿ."

"ಅವರಿಗೆ ಗೇಣಿ ಕೊಡತಿದ್ರೇನು?"

"ಅವರದು ಅವರಿಗೆ ಕೊಡಾಕ ನಾವ್ಯಾರ್ರೀ?"

ಯಾ ಅಲ್ಲಾ! ಗೌಡರ ಎದುರಿಗೆ ನಮ್ಮ ಹೊಲ ಎನ್ನುವುದು ಮರ್ಯಾದೆಯಲ್ಲ ಎಂದು ಹುಟ್ಟಿದಾಗಿನಿಂದ ಕಲಿತವಳು, ಮರ್ಯಾದೆಯಿಂದಲೇ ಉತ್ತರ ಕೊಟ್ಟಳು. ಗುಮಾಸ್ತ ಅದನ್ನೇ ಹೇಳಿಕೆ ಎಂದು ಬರೆದುಕೊಂಡ. ಯವ್ವ ಹೆಬ್ಬೆಟ್ಟು ಒತ್ತಿದಳು. ಸುಗ್ಗಿಯಲ್ಲಿ ರಾಶಿ ಹೇಗೆ ಪಾಲಾಗುತ್ತಿತ್ತು ಎಂದು ಯಾರಾದರೂ ಒಂದು ಮಾತು ಕೇಳಿದ್ದರೆ, ಮೂವತ್ತು ವರ್ಷದ ರಾಶಿಗಳನ್ನೂ ಒಂದೊಂದಾಗಿ ಹೇಳುತ್ತಿದ್ದಳು. ಕೇಳಬೇಕಾದವನ ಬಾಯಿಯನ್ನು ಅವನೇ ಮಾಡಿದ ಕಾಯ್ದೆ ಹೊಲಿದಿತ್ತು.

ಹೈಕೋರ್ಟಿಗೆ ಹೋಗೋಣ ಎನ್ನುತ್ತೀಯೇನೋ. ಹೋಗಬಹುದು. ಆದರೆ ಹೇಳಿಕೆ ಅವಳದೇ, ಹೆಬ್ಬೆಟ್ಟೂ ಅವಳದೇ. ಕಕ್ಷಿದಾರರಿಗೆ ಆಸೆ ತೋರಿಸಿದ ಹಾಗೆ ನಿನಗೆ ತೋರಿಸಲಾರೆ; ನಾವು ಗೆಲ್ಲುವುದಿಲ್ಲ. ಗೌಡರು ದೇವದುರ್ಗದ ಕಡೆಯ ಆಳುಗಳನ್ನು ತರಿಸಿ ಈ ಮುಂಗಾರಿಗೆ ಬಿತ್ತಿಸಿಯೂ ಆಯಿತು. ಯವ್ವ ದಿನಾ ಬೆಳಿಗ್ಗೆ ಕಳೆ ಕೀಳುವ ಕುರ್ಪಿ ಹಿಡಿದು ಹೊರಡುತ್ತಾಳಂತೆ. ಬದುವಿನ ತನಕ ಹೋದ ಮೇಲೆ ನೆನಪಾಗಿ ಮರಳುತ್ತಾಳಂತೆ. ಪಕ್ಕದ ಮನೆಯ ಗದ್ದೆಮ್ಮ ಹೇಳಿದಳು.

ಇಲ್ಲಿ ನನ್ನ ಹೆಂಡತಿ ಅಸ್ಮತ್ ನಿಮ್ಮನ್ನೆಲ್ಲ ಕೇಳುತ್ತಿರುತ್ತಾಳೆ. ನಿನ್ನ ಮಕ್ಕಳು ಚೆನ್ನಾಗಿ ಓದಲಿ, ಕಾನೂನೊಂದನ್ನು ಬಿಟ್ಟು ಏನು ಬೇಕಾದರೂ ಓದಲಿ. ಅಲ್ಲಾಹ್ ಅವರ ಕೈ ಬಿಡದಿರಲಿ.

ನಿನ್ನ
ಅಬ್ದುಲ್ ವಹೀದ್

ತಾ.ಕ.: ಲಕೋಟೆ ಅಂಟಿಸಿದ್ದೆ, ಮತ್ತೆ ಹರಿದೆ. ಒಂದು ಮಾತು ಮುಚ್ಚಿಟ್ಟಿದ್ದೇನೆ. ಯವ್ವ ಹೆಬ್ಬೆಟ್ಟು ಒತ್ತುವ ಮೊದಲು ಅಧ್ಯಕ್ಷರು ನನ್ನ ಕಡೆ ತಿರುಗಿ, "ವಕೀಲ ಸಾಹೇಬ್ರ, ವಕೀಲರಾಗಿ ನೀವು ಒಳಗ ಬರಾಂಗಿಲ್ಲ. ಈಕಿಗೆ ನೀವೇನರ ಆಗಬೇಕೇನು? ಹಂಗಿದ್ರ ಮನಿಯವರಾಗಿ ಬಂದು ಹೇಳ್ರಿ" ಎಂದರು. ಗೌಡರು ನನ್ನನ್ನೇ ನೋಡುತ್ತಿದ್ದರು. ಎಂಬತ್ತಮೂರಕ್ಕೆ ಮತ್ತೆ ಚುನಾವಣೆಗೆ ನಿಲ್ಲಬೇಕೆಂದಿದ್ದೇನೆ. ಆ ನಾಲ್ಕಾರು ಊರಿನ ಓಟು ಗೌಡರು ಹೇಳಿದ ಕಡೆಗೇ ಬೀಳುತ್ತದೆ. ಹೆತ್ತವಳು ಬಾಣಂತನದಲ್ಲೇ ಸತ್ತಾಗ ಯವ್ವನ ಎದೆಹಾಲಿನಿಂದ ಉಳಿದವನು ನಾನು. ಹಾಲು ಕೊಟ್ಟವಳೂ ತಾಯಿಯೇ ಎಂಬುದು ನಮ್ಮ ಧರ್ಮ. "ಏನೂ ಆಗೋದಿಲ್ರೀ" ಎಂದುಬಿಟ್ಟೆ, ಮಾರೆಪ್ಪ. ಅವಳಿಗೆ ಕೇಳಿಸಿತು. ಮರಳುವಾಗ ಬಸ್ಸಿನಲ್ಲಿ ಸರಿದು ಪಕ್ಕದಲ್ಲಿ ಜಾಗ ಮಾಡಿಕೊಟ್ಟೆ. ಆ ಮುಂಜಾನೆಯ ತನಕ ನನ್ನನ್ನು ಲೇ ಎಂದು ಕರೆದವಳು, "ನೀವು ಕುಂದರ್ರಿ ಸಾಹೇಬ್ರ, ನಾ ನಿಂತು ಬರ್ತೀನಿ" ಎಂದಳು.