ಸೇತುವೆಯ ಬಳಿ ಹತ್ತು ನಿಮಿಷ

ಅಪ್ಪಾ,

ನೀನು ಮೂವತ್ತು ವರ್ಷ ಪ್ರವಾಸಿಗರನ್ನು ನಡೆಸಿಕೊಂಡು ಹೋಗುತ್ತಿದ್ದ ಮೊಂಡೆಗೋ ನದಿಯ ದಂಡೆಯಲ್ಲಿ ಈ ಭಾನುವಾರ ಕೊನೆಗೂ ನಾನು ನಡೆದೆ. ಈಗ ನಮ್ಮ ಕೊಯಿಂಬ್ರಾ ಊರಿನ ಕಥೆಗಳನ್ನು ಹೇಳುವವಳು ನಿನ್ನ ಶಿಷ್ಯೆ ಗ್ರಾಸಾ. ನಿನ್ನ ಮಣ್ಣಿಗೂ ಬಾರದ ನನ್ನ ಗುರುತು ಅವಳಿಗೆ ಸಿಗಲಿಲ್ಲ.

ಹಳೇ ಸೇತುವೆಯ ಬಳಿ ನಮ್ಮ ಗುಂಪನ್ನು ನಿಲ್ಲಿಸಿದಳು. "ಇಲ್ಲಿ ನೋಡೋಕೇನಿದೆಯಮ್ಮಾ?" ಎಂದು ಮುದುಕರೊಬ್ಬರು ಗೊಣಗಿದರು.

"ನಂಗೆ ಈ ಕೆಲಸ ಕಲಿಸಿದ ನಮ್ಮ ಅದೆಲಿನೋ ಮೇಷ್ಟ್ರ ಅಭ್ಯಾಸ. ಭಾನುವಾರ ಇಲ್ಲಿ ಹತ್ತು ನಿಮಿಷ ಕಾಯೋರು. 'ಮಗಳು ಬರ್ತೀನಿ ಅಂದಿದ್ದಾಳೆ' ಅನ್ನೋರು. 'ಬಂದ್ಲಾ ನಿಮ್ಮ ರಾಜಕುಮಾರಿ?' ಅಂತ ರೇಗಿಸಿದ್ರೆ, 'ಬಿಸಿಲು ಜಾಸ್ತಿ ಕಣೇ, ನಾನೇ ಬೇಡ ಅಂದೆ' ಅಂತ ನಗೋರು."

ಎಲ್ಲರೂ ನಕ್ಕರು, ನಾನೂ ನಕ್ಕೆ. ಹತ್ತು ನಿಮಿಷ ಕಳೆದು ಗುಂಪು ಹೊರಟ ಮೇಲೂ ನಾನು ಅಲ್ಲೇ ನಿಂತಿದ್ದೆ. ಗ್ರಾಸಾ ತಿರುಗಿ ನೋಡಿ, "ಯಾರಿಗಾದ್ರೂ ಕಾಯ್ತಿದ್ದೀರಾ?" ಎಂದಳು.

ಹೌದು ಎಂದೆ.