ಪರದೆಯ ಎಡಮೂಲೆ

ಮಾರ್ಚ್ 3, ಸೋಮವಾರ

ನಿನ್ನೆ ಮತ್ತೆ ಸೋತೆ. ವೈರಿಗಳು ಕೋಟೆಯ ಎಡಗೋಡೆ ಒಡೆದು ಒಳಗೆ ನುಗ್ಗಿದರು. ನಾನು ಬಲಗಡೆ ಸೈನಿಕರಿಗೆ ಬಾಣ ಹಂಚುತ್ತ ಕೂತಿದ್ದೆ. ನುಗ್ಗುವವರು ಕಾಣಿಸಬೇಕಲ್ಲ! ಯಾರು ಎಲ್ಲಿದ್ದಾರೆಂದು ತೋರಿಸಲಿಕ್ಕೆ ಎಡಮೂಲೆಯಲ್ಲಿ ಪುಟ್ಟ ನಕಾಶೆ ಇರುತ್ತಿತ್ತು. ಅದು ಇರಬೇಕಾದ ಜಾಗದಲ್ಲಿ ಈಗ ಬರೀ ಹುಲ್ಲು. ಅಗಲದ ಮಾನಿಟರ್ ತಂದ ಮೇಲೆ ಶುರುವಾದ ಪೀಡೆ. ಆಟ ಹಳೆಯದು, ಮಾನಿಟರ್ ಹೊಸದು. ರೆಸಲ್ಯೂಷನ್, ಅಂದರೆ ಚಿತ್ರದ ಅಳತೆ, ಕೂಡಿಬರುತ್ತಿಲ್ಲ, ಅಷ್ಟೇ.

ಹೆಂಡತಿ ಹೊಲಿಗೆ ಮಿಷನ್ ತುಳಿಯುತ್ತಲೇ ಗೊಣಗಿದಳು. "ಇಡೀ ದಿನ ಒಂದು ಗಾಜಿನ ಡಬ್ಬೀಲಿ ಕೂತಿರ್ತೀರಿ. ಮನೆಗೆ ಬಂದ್ರೆ ಇನ್ನೊಂದು ಗಾಜು."

ಗಾಜಿನ ಡಬ್ಬಿ ಅಂದರೆ ನನ್ನ ಕ್ರೇನ್ ಕ್ಯಾಬಿನ್. ಇದನ್ನು ಬರೆಯುತ್ತಿರುವುದೂ ಅಲ್ಲೇ. ಯಾರ್ಡಿಗೆ ಕಬ್ಬಿಣದ ಲಾರಿ ಬರುವತನಕ ಮೇಲೆಯೇ ಕೂರಬೇಕು, ಇಳಿಯುವಂತಿಲ್ಲ. ಕೆಳಗೆ ಪೀಪಿ ನಿಂತಿರುತ್ತಾನೆ, ಸಿಗ್ನಲ್ ಕೊಡುವವನು. ಸೀಟಿ ಯಾವಾಗಲೂ ಬಾಯಲ್ಲೇ, ಅದಕ್ಕೇ ಆ ಹೆಸರು. ಅವನ ಕೈ ಹೇಳಿದ್ದನ್ನು ನನ್ನ ಕೈ ಮಾಡಬೇಕು. ಹೆಂಡತಿಯ ಮಾತನ್ನೂ ಇಷ್ಟು ಕೇಳಿದವನಲ್ಲ.

ಮಾರ್ಚ್ 4, ಮಂಗಳವಾರ

ಕಂಪ್ಯೂಟರ್ ಅಂಗಡಿಯವನಿಗೆ ಫೋನ್ ಮಾಡಿದೆ. "ಅಣ್ಣ, ಎಲ್ಲಾ ದೊಡ್ಡದು ಮಾಡಿ ತೋರಿಸೋ ಸ್ಕೇಲಿಂಗ್ ನೂರಿಪ್ಪತ್ತೈದಿರುತ್ತೆ ನೋಡಿ. ನೂರು ಮಾಡಿ. ಹಳೇ ಆಟ ಅದಕ್ಕೇ ಪರದೆಯಿಂದ ಆಚೆ ಹೋಗುತ್ತೆ."

ಮಾಡಿದೆ. ಕತ್ತರಿಸಿಹೋಗಿದ್ದ ಕೆಳಗಿನ ಸಾಲಿನ ಬಟನ್‌ಗಳು ಬಂದೇಬಿಟ್ಟವು! ಕುಣಿಯುವುದೊಂದು ಬಾಕಿ. ನಕಾಶೆ ಮಾತ್ರ ಇಲ್ಲ. ಆಟದ ಸೆಟ್ಟಿಂಗ್ಸ್‌ನಲ್ಲಿದ್ದ ರೆಸಲ್ಯೂಷನ್‌ಗಳನ್ನೆಲ್ಲ ಒಂದೊಂದಾಗಿ ಒತ್ತಿ ನೋಡಿದೆ. ಒಂದರಲ್ಲಿ ಸೈನಿಕರು ಊದಿಕೊಂಡರು. ಇನ್ನೊಂದರಲ್ಲಿ ಇರುವೆಗಳಾದರು. ಇನ್ನೊಂದಕ್ಕೆ ಪರದೆಯೇ ಕಪ್ಪಾಗಿ, ಪ್ಲಗ್ ಕೀಳಬೇಕಾಯಿತು.

ಮಾರ್ಚ್ 6, ಗುರುವಾರ

ಪರದೆಯ ಫೋಟೋ ತೆಗೆದು ಕಳಿಸಿ ಎಂದಿದ್ದ ಅಂಗಡಿಯವ. ಕಳಿಸಿದೆ.

"ಇದೆಯಲ್ಲಣ್ಣ ನಕಾಶೆ. ಎಡಗಡೆ ಮೇಲೆ, ತುದೀಲಿ."

"ತಮಾಷೆ ಮಾಡ್ಬೇಡ."

"ಅಯ್ಯೋ, ನೀವೇ ಕಳಿಸಿರೋ ಫೋಟೋ ನೋಡಿ!"

ಫೋನ್ ನೋಡಿದೆ. ಇದೆ. ಮಾನಿಟರ್ ನೋಡಿದೆ. ಇಲ್ಲ. ಕತ್ತನ್ನು ಪೂರಾ ಎಡಕ್ಕೆ ತಿರುಗಿಸಿದೆ — ಇದೆ. ನೆಟ್ಟಗೆ ಕೂತೆ — ಇಲ್ಲ. ಮಾನಿಟರಿಗೆ ಒಂದು ಏಟು ಕೊಟ್ಟೆ. ದರಿದ್ರದ್ದು. ಅಗಲ ಜಾಸ್ತಿ, ಟೇಬಲ್ ಇಕ್ಕಟ್ಟು, ತೀರ ಹತ್ತಿರ ಕೂರುತ್ತೇನೆ. ಅದಕ್ಕೇ ಇರಬೇಕು... ಅದಕ್ಕೇ.

ಮಾರ್ಚ್ 9, ಭಾನುವಾರ

ಗೆದ್ದೆ. ಫುಲ್ ಸ್ಕ್ರೀನ್ ತೆಗೆದು ಆಟವನ್ನು ಚಿಕ್ಕ ವಿಂಡೋ ಮಾಡಿ ಪರದೆಯ ನಟ್ಟನಡುವೆ ಕೂರಿಸಿದೆ. ಸುತ್ತ ಕಪ್ಪು, ನಡುವೆ ಕೋಟೆ. ನಕಾಶೆ, ಎಡಗೋಡೆ, ಬಲಗೋಡೆ, ಎಲ್ಲ ಒಟ್ಟಿಗೆ ಕಾಣುತ್ತವೆ. ಒಬ್ಬ ವೈರಿಯನ್ನೂ ಒಳಗೆ ಬಿಡಲಿಲ್ಲ.

"ಅಷ್ಟು ದೊಡ್ಡ ಮಾನಿಟರ್ ತಂದು ಅಂಗೈಯಷ್ಟರಲ್ಲಿ ಆಡೋದಾ?" ಎಂದಳು ಇವಳು. ತಂದಿಟ್ಟ ನೀರಿನ ಲೋಟಕ್ಕೆ ನನ್ನ ಎಡಗೈ ತಗುಲಿತು. ನೀರೆಲ್ಲ ಹೊಲಿಯಲಿಟ್ಟ ಬಟ್ಟೆಯ ಮೇಲೆ. ಈ ವಾರ ಇದು ಎಷ್ಟನೆಯದು ಎಂದು ಕೇಳಿದಳು. ಸಿಟ್ಟಿನಿಂದಲ್ಲ. ಸಿಟ್ಟಿನಿಂದ ಕೇಳಿದ್ದರೆ ಚೆನ್ನಾಗಿತ್ತು.

ಮಾರ್ಚ್ 17, ಸೋಮವಾರ

ಇವಳಿಗೆ ಹೇಳದೆ ಕಣ್ಣಿನ ಡಾಕ್ಟರಮ್ಮನ ಹತ್ತಿರ ಹೋಗಿ ಬಂದೆ. ಬೋಗುಣಿಯಂಥ ಒಂದು ಯಂತ್ರದೊಳಗೆ ಮುಖ ಇಡಿಸಿದರು. ನಡುವಿನ ಚುಕ್ಕೆಯನ್ನೇ ನೋಡುತ್ತಿರಬೇಕು, ಎಲ್ಲಾದರೂ ಬೆಳಕು ಮಿಣುಕಿದರೆ ಬಟನ್ ಒತ್ತಬೇಕು. ಕಾದೆ. ಕಾದೇ ಕಾದೆ. ಕೊನೆಗೆ ಕೇಳಿದೆ, "ಮೇಡಂ, ಯಾವಾಗ ಶುರು ಮಾಡ್ತೀರಿ?"

"ಶುರುವಾಗಿ ತುಂಬಾ ಹೊತ್ತಾಯ್ತು."

ಅಂಚಿನ ನೋಟ ಹೋಗಿದೆಯಂತೆ. ಎರಡು ಕಣ್ಣಿನದೂ. ಎಡಗಡೆ ಹೆಚ್ಚು. "ಹೋಗಿದ್ದು ವಾಪಸ್ ಬರಲ್ಲ. ಉಳಿದಿರೋದನ್ನ ಡ್ರಾಪ್ಸ್ ಹಾಕಿ ಉಳಿಸ್ಕೋಬೇಕು. ಏನ್ ಕೆಲಸ ಮಾಡ್ತೀರಿ?"

"ಗುಮಾಸ್ತ" ಎಂದೆ. ಬಾಯಿಗೆ ಹೇಗೆ ಬಂತೋ.

ಮಾರ್ಚ್ 18, ಮಂಗಳವಾರ

ಯಾರ್ಡಿನ ವರ್ಷದ ತಪಾಸಣೆ ಮೊನ್ನೆ ಮೊನ್ನೆ ಮುಗಿದಿದೆ. ಗೋಡೆಯ ಮೇಲಿನ ಅಕ್ಷರ ಓದಿಸಿದ್ದರು, ಕೊನೆಯ ಸಾಲಿನವರೆಗೂ ಗಡಗಡ ಓದಿದ್ದೆ. ಕಣ್ಣು ಉತ್ತಮ ಎಂದು ಮೊಹರು ಒತ್ತಿದ್ದಾರೆ. ಎದುರಿನದೆಲ್ಲ ಕಾಣುತ್ತದೆ, ಅದೇ ಗ್ರಹಚಾರ. ಯಾರೂ ನನ್ನನ್ನು ಹಿಡಿಯುವುದಿಲ್ಲ. ನಾನಾಗಿ ಬಾಯಿಬಿಡಬೇಕು. ಬಿಟ್ಟರೆ ಈ ಕ್ಯಾಬಿನ್ ಹೋಯಿತು. ಇದು ಬಿಟ್ಟು ನನಗೆ ಬೇರೆ ಏನು ಬರುತ್ತದೆ? ಕೋಟೆ ಕಾಯಲು ಯಾರೂ ಕರೆಯುವುದಿಲ್ಲ.

ಹೆದರಿಕೆಯಾಗುತ್ತದೆ. ಬರೆದೇಬಿಟ್ಟೆ. ಮೊದಲು ಇಲ್ಲಿ ಕೂತರೆ ಇಡೀ ಯಾರ್ಡು ನನ್ನದು ಅನ್ನಿಸುತ್ತಿತ್ತು. ಈಗ ನಾಲ್ಕೂ ಕಡೆಯ ಗಾಜು ಒಳಕ್ಕೆ ಒತ್ತಿಕೊಂಡು ಬಂದ ಹಾಗಿದೆ.

ಮಾರ್ಚ್ 26, ಬುಧವಾರ

ಇವತ್ತು ಆಗಬಾರದ್ದು ಆಗುವುದರಲ್ಲಿತ್ತು. ಸರಳಿನ ಕಟ್ಟು ಎತ್ತಿಕೊಂಡು ಹೋಗುತ್ತಿದ್ದೆ. ಪೀಪಿ ತನ್ನ ಮಾಮೂಲಿ ಜಾಗದಲ್ಲಿ, ಎಡಬದಿಯ ಗೋಡೆಗೆ ಒತ್ತಿ ನಿಂತಿದ್ದ. ಒಬ್ಬ ಲಾರಿ ಡ್ರೈವರ್ ಎಡಗಡೆಯಿಂದ ಹೊರೆಗೆ ಅಡ್ಡ ಬಂದನಂತೆ. ಪೀಪಿ ನಿಲ್ಲಿಸು ಎಂದು ಎರಡೂ ಕೈ ಎತ್ತಿದನಂತೆ. ನನಗೆ ಕಾಣಲಿಲ್ಲ. ಕೊನೆಗೆ ಸೀಟಿ ಕಿರುಚಿತು. ಹೊರೆ ಆ ಮನುಷ್ಯನ ಟೋಪಿ ಹಾರಿಸಿ ನಿಂತಿತು.

ಊಟದ ಹೊತ್ತಿಗೆ ಪೀಪಿ ಪಕ್ಕಕ್ಕೆ ಕರೆದ. "ಅಣ್ಣ, ಬಿಸಿಲು ಕಣ್ಣಿಗೆ ಹೊಡೀತು ಅಂತ ಸೂಪರ್‌ವೈಸರ್‌ಗೆ ಹೇಳಿದೀನಿ. ನಿಜ ಹೇಳಿ, ಏನಾಗಿದೆ?"

ಹೇಳಿದೆ. ಇವಳಿಗೂ ಹೇಳದ್ದನ್ನು ಅವನಿಗೆ ಹೇಳಿದೆ. ಆಟದ ವಿಂಡೋ ಚಿಕ್ಕದು ಮಾಡಿ ನಡುವೆ ಇಟ್ಟುಕೊಂಡದ್ದನ್ನೂ ಹೇಳಿದೆ. ಅವನ ಮುಖ ಅರಳಿತು.

"ಅಷ್ಟೇ ತಾನೆ? ನಾಳೆಯಿಂದ ನಾನೂ ನಡುವೆ ನಿಲ್ತೀನಿ. ಯಾರಿಗೂ ಗೊತ್ತಾಗಲ್ಲ."

ಹೂಂ ಎಂದೆ. ಅಷ್ಟೊಂದು ಹಗುರವಾಯಿತು ಮನಸ್ಸು, ಅಲ್ಲೇ ಕಣ್ಣಲ್ಲಿ ನೀರು ಬಂತು. ನಡುವೆ ಅಂದರೆ ಹೊರೆ ಹಾದುಹೋಗುವ ದಾರಿ. ಅಲ್ಲಿ ಯಾರೂ ನಿಲ್ಲಬಾರದೆಂದೇ ಹಳದಿ ಪಟ್ಟೆ ಬಳಿದಿರುವುದು. ಅವನಿಗೂ ಗೊತ್ತು, ನನಗೂ ಗೊತ್ತು. ಇಬ್ಬರೂ ಅದರ ಮಾತೆತ್ತಲಿಲ್ಲ.

ಮಾರ್ಚ್ 27, ಬೆಳಿಗ್ಗೆ

ಮೊದಲ ಲಾರಿ ಬಂದಿದೆ. ಪೀಪಿ ಹೇಳಿದ ಹಾಗೆಯೇ ನಡುವೆ ನಿಂತಿದ್ದಾನೆ. ಚೆನ್ನಾಗಿ ಕಾಣುತ್ತಾನೆ. ಅಂಗಿಯ ಮೇಲಿನ ಗುಂಡಿ ಹಾಕಿಲ್ಲ, ಅದೂ ಕಾಣುತ್ತದೆ. ಲಾರಿಯ ಮೇಲೆ ಕಟ್ಟು ಕೊಕ್ಕೆಗೆ ಬಿಗಿದು ತಯಾರಾಗಿದೆ. ಎತ್ತಿ ಇತ್ತ ತಂದರೆ ಅವನ ನೆತ್ತಿಯ ಮೇಲೆಯೇ ಬರಬೇಕು. ಎತ್ತು ಎಂದು ಕೈ ಮಾಡಿದ. ನಗುತ್ತಿದ್ದಾನೆ ಬೇರೆ.

ಎತ್ತಲಿಲ್ಲ. ಆಗಲಿಲ್ಲ. ಮೇನ್ ಸ್ವಿಚ್ ಆಫ್ ಮಾಡಿದೆ.

"ಏನಣ್ಣಾ, ಕೆಟ್ಟೋಯ್ತಾ?"

ಕಿಟಕಿ ಸರಿಸಿ ಕೂಗಿದೆ. "ಅಲ್ಲಿಂದ ಆಚೆ ಹೋಗೋ!"

"ಆಚೆ ಹೋದ್ರೆ ನಿಮಗೆ ಕಾಣಲ್ವಲ್ಲಣ್ಣ!"

ಸೀಟಿ ಊದಿ ಊದಿ ಬೆಳೆದ ಗಂಟಲು. ಇಡೀ ಯಾರ್ಡಿಗೆ ಕೇಳಿಸಿತು. ಲಾರಿ ಡ್ರೈವರ್ ತಲೆ ಎತ್ತಿದ. ಸೂಪರ್‌ವೈಸರ್ ಆಫೀಸಿನ ಬಾಗಿಲಿಗೆ ಬಂದು ನಿಂತ. ಪೀಪಿ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡ, ಪಾಪ.

ಸೂಪರ್‌ವೈಸರ್ ಏಣಿ ಹತ್ತುತ್ತಿದ್ದಾನೆ. ಕ್ಯಾಬಿನ್ ಅಲುಗುತ್ತಿದೆ. ಇರುವುದು ಇದೊಂದೇ ಏಣಿ. ಪೀಪಿಯ ತಪ್ಪು ಏನೂ ಇಲ್ಲ — ಮೊದಲು ಅದನ್ನು ಹೇಳಬೇಕು. ಆಮೇಲೆ ನಾನೇ, ನನ್ನ ಬಾಯಿಂದಲೇ, ನನಗೆ ಕಣ್ಣು —